ನೀಲಿ ಬಾತುಕೋಳಿ ಮುಲಾಮು

ಬುದ್ಧಶಕ 2566ರ ಮಾರ್ಚ್ 14, ಮಂಗಳವಾರ, ಬೆಳಿಗ್ಗೆ 9.40. ಬ್ಯಾಂಕಾಕಿನ ದಕ್ಷಿಣಕ್ಕಿರುವ ಫೆಚ್ಚಬುರಿಯ ಪೊಲೀಸ್ ಠಾಣೆಯಲ್ಲಿ ಇನ್‌ಸ್ಪೆಕ್ಟರ್ ಥವಿಲ್ ಅವರ ಮೇಜಿನ ಮೇಲೆ ಮುಲಾಮು ಕಾರ್ಖಾನೆಯ ಮಾಲೀಕ ಪ್ರಸೋಂಗ್ ಎರಡು ಗಾಜಿನ ಡಬ್ಬಿಗಳನ್ನಿಟ್ಟ. ಎರಡರ ಮೇಲೂ ನೀಲಿ ಬಾತುಕೋಳಿಯ ಚಿತ್ರ.

"ಒಂದು ನಂದು, ಇನ್ನೊಂದು ನಕಲಿ."

"ಯಾವುದು ನಕಲಿ?"

ಪ್ರಸೋಂಗ್ ಎರಡನ್ನೂ ತಿರುಗಿಸಿ ನೋಡಿದ, ಅದಲುಬದಲು ಮಾಡಿ ಮತ್ತೆ ನೋಡಿದ. ಥವಿಲ್‌ಗೆ ಆಗಲೇ ತಲೆನೋವು ಶುರುವಾಯಿತು.

ಎಫ್‌ಐಆರ್ ದಾಖಲಾಯಿತು. ಮಧ್ಯಾಹ್ನ ದಫೇದಾರ್ ಬುನ್‌ಲುವಾ ಸಂತೆಯ ಅಂಗಡಿಯೊಂದರಲ್ಲಿ ನೂರಾ ಹನ್ನೆರಡು ಡಬ್ಬಿಗಳನ್ನು ವಶಪಡಿಸಿಕೊಂಡು ಪಂಚನಾಮೆ ಬರೆದ. ಸರಕು ಬಸ್ಸಿನಲ್ಲಿ ಬರುತ್ತದೆ, ಕಳಿಸುವವರು ಯಾರೋ ಗೊತ್ತಿಲ್ಲ ಎಂದಳು ಅಂಗಡಿಯವಳು. ಪ್ರಸೋಂಗ್‌ಗೆ ಮಾತ್ರ ಅನುಮಾನವೇ ಇರಲಿಲ್ಲ. ಇದು ತನ್ನ ಎದುರಾಳಿ ವ್ಯಾಪಾರಿಯದೇ ಕೆಲಸ, ಅವನ ಗೋದಾಮು ಶೋಧಿಸಿ ಎಂದು ದಿನಕ್ಕೆ ನಾಲ್ಕು ಸಲ ಫೋನ್ ಮಾಡಿದ.

ವ್ಯಾಪಾರದ ಗುರುತು, ಪೇಟೆಂಟು, ಕೃತಿಸ್ವಾಮ್ಯಗಳ ತಕರಾರಿಗೆ ಇಡೀ ದೇಶಕ್ಕೆ ಒಂದೇ ವಿಶೇಷ ನ್ಯಾಯಾಲಯ, ಅದೂ ಬ್ಯಾಂಕಾಕಿನಲ್ಲಿ. ಶೋಧನಾ ವಾರಂಟ್ ಕೇಳಲು ಥವಿಲ್ ಮಾರ್ಚ್ 20ರಂದು ಹೋದರು. ಗುರುತಿನ ನೋಂದಣಿ ನವೀಕರಿಸಿದ ಪತ್ರವಿಲ್ಲವೆಂದು ಕಡತ ವಾಪಸಾಯಿತು. 24ರಂದು ಪತ್ರದೊಡನೆ ಮತ್ತೆ ಹೋದರು. ಆ ಪೀಠದಲ್ಲಿ ನ್ಯಾಯಾಧೀಶರ ಜೊತೆ ವಿಷಯ ಬಲ್ಲ ಪರಿಣತರೂ ಕೂರುತ್ತಾರೆ. ಅಂದು ಇದ್ದದ್ದು ರಸಾಯನಶಾಸ್ತ್ರ ಕಲಿತ ಮಹಿಳೆ.

"ನಕಲಿ ಯಾವುದು ಇನ್‌ಸ್ಪೆಕ್ಟರ್, ಚಿತ್ರಾನೋ ಮುಲಾಮೋ?"

"ಎರಡೂ, ಮೇಡಂ."

"ಮುಲಾಮು ಪರೀಕ್ಷೆ ಮಾಡಿಸಿದ್ರಾ?"

"ಇಲ್ಲ."

"ಹಾಗಾದ್ರೆ ಇನ್ನೊಬ್ಬರ ಗೋದಾಮಿನ ಬಾಗಿಲು ಯಾವ ಆಧಾರದ ಮೇಲೆ ತೆಗೆಸಲಿ?"

ಜೀಪಿನಲ್ಲಿ ಕಾಯುತ್ತಿದ್ದ ಬುನ್‌ಲುವಾ ಕೇಳಿದ, "ಏನಂದ್ರು ಸಾರ್?"

"ಮೂಸಿ ನೋಡ್ಕೊಂಡು ಬಾ ಅಂದ್ರು. ನಡಿ."

ಏಪ್ರಿಲ್ 3ರಂದು ಪ್ರಯೋಗಾಲಯದ ವರದಿ ಬಂತು. ಥವಿಲ್ ಅದನ್ನು ಎರಡು ಸಲ ಓದಿದರು. ವಶಪಡಿಸಿಕೊಂಡ ಡಬ್ಬಿಗಳಲ್ಲಿ ಕಾಸಿದ ಕಾಡುಶುಂಠಿಯ ಎಣ್ಣೆ ಧಾರಾಳವಾಗಿತ್ತು. ಪ್ರಸೋಂಗ್‌ನ ಕಾರ್ಖಾನೆಯಿಂದಲೇ ತರಿಸಿದ ಅಸಲಿ ಡಬ್ಬಿಯಲ್ಲಿದ್ದದ್ದು ಬರೀ ಮೇಣ, ಮೆಂಥಾಲ್, ಬಣ್ಣ. ಅವರು ಪ್ರಸೋಂಗ್‌ನನ್ನು ಠಾಣೆಗೆ ಕರೆಸಿದರು.

"ನಿಮ್ಮ ಮುಲಾಮಿಗೆ ಕಾಡುಶುಂಠಿ ಹಾಕ್ತಿದ್ರಾ?"

"ಅಪ್ಪನ ಕಾಲದಲ್ಲಿ. ಈಗ ಅದೆಲ್ಲ ಪೂರೈಸಲ್ಲ."

"ಕಾಸ್ತಿದ್ದೋರು ಯಾರು?"

"ಲಮ್‌ದುವಾನ್ ಅಂತ ಒಬ್ಬಳು. ಬಿಡಿಸಿ ಎಂಟು ವರ್ಷ ಆಯ್ತು. ಅವಳಿಗೇನು ಗೊತ್ತಾಗುತ್ತೆ ಸಾರ್, ಮುದುಕಿ. ಗೋದಾಮು ನೋಡಿ ಅಂದ್ನಲ್ಲ."

"ನಿಮ್ಮ ಮಾತು ಕೇಳಿ ಆ ಗೋದಾಮಿಗೆ ನುಗ್ಗಿದ್ರೆ ಇವತ್ತು ನಾನು ಅವರ ಕಾಲು ಹಿಡೀಬೇಕಿತ್ತು. ಎದ್ದು ಹೋಗ್ರಿ."

ಸರಕು ತರುವ ಬಸ್ಸಿನ ಕಂಡಕ್ಟರ್ ಆ ಮುದುಕಿಯ ಫೋಟೊ ನೋಡಿ, ಡಬ್ಬಿಗಳನ್ನು ಬಸ್ಸಿಗೆ ಹಾಕುವವಳು ಇವಳೇ ಎಂದ. ಮೂರನೆಯ ಸಲ ಬ್ಯಾಂಕಾಕಿಗೆ ಹೋದಾಗ ಇಪ್ಪತ್ತು ನಿಮಿಷದಲ್ಲಿ ಆಕೆಯ ಮನೆ ಶೋಧಿಸುವ ವಾರಂಟ್ ಕೈಗೆ ಬಂತು. ಥವಿಲ್‌ಗೆ ಅದಕ್ಕೂ ಸಿಟ್ಟು ಬಂತು.

ಏಪ್ರಿಲ್ 7, ಬೆಳಿಗ್ಗೆ 7.15. ಲಮ್‌ದುವಾನ್ ಅಡುಗೆಮನೆಯಲ್ಲಿ ಬಾಣಲೆಯ ಎಣ್ಣೆ ಕದಡುತ್ತಿದ್ದಳು. ಮೂಲೆಯಲ್ಲಿ ಬಾತುಕೋಳಿ ಚೀಟಿಗಳ ಕಟ್ಟು.

"ಒಂದು ನಿಮಿಷ ತಡಿಯಪ್ಪ, ಸೀದು ಹೋಗುತ್ತೆ," ಎಂದು ಒಲೆ ಆರಿಸಿದಳು.

"ಈ ಚೀಟಿ ಅಚ್ಚು ಹಾಕಿಸಿದ್ದು ನೀವೇನಾ, ಅಜ್ಜಿ?"

"ನಾನೇ."

"ತಪ್ಪು ಅಂತ ಗೊತ್ತಿರಲಿಲ್ವಾ?"

"ಗೊತ್ತಿತ್ತು. ಮಂಡಿನೋವಿನೋರು ಬಂದು, ಮುಲಾಮು ಮೊದಲಿನ ಹಾಗೆ ಕೆಲಸ ಮಾಡ್ತಿಲ್ಲ, ನೀನೇ ಮಾಡಿಕೊಡು ಅನ್ನೋರು. ಮಾಡಿದೆ. ನನ್ನ ಹೆಸರಲ್ಲೇ ಮಾಡಿದೆ. ಆ ಅಲಮಾರು ತೆಗೆದು ನೋಡು."

ಬುನ್‌ಲುವಾ ತೆಗೆದ. ಅರುವತ್ತೋ ಎಪ್ಪತ್ತೋ ಡಬ್ಬಿಗಳು ಧೂಳು ಹಿಡಿದಿದ್ದವು. ಮೇಲೆ ಕೈಬರಹದಲ್ಲಿ: 'ಲಮ್‌ದುವಾನ್ ಮುಲಾಮು'.

"ಕೇಳಿಕೊಂಡು ಬಂದೋರೇ ಇದನ್ನ ಮುಟ್ಟಲಿಲ್ಲ. ಬಾತುಕೋಳಿ ಎಲ್ಲಿ ಅಂದ್ರು. ಬಾತುಕೋಳಿ ಅಂಟಿಸಿದೆ, ತಗೊಂಡ್ರು."

7.50ಕ್ಕೆ ದಸ್ತಗಿರಿ ದಾಖಲಾಯಿತು. ಚೀಟಿಗಳು, ಬಾಣಲೆ, ಬಾತುಕೋಳಿಯ ನಲವತ್ತು ಡಬ್ಬಿಗಳು ಪಂಚನಾಮೆಗೆ ಸೇರಿದವು.

"ಸಾರ್, ಅಲಮಾರಿನಲ್ಲಿರೋದು?" ಎಂದ ಬುನ್‌ಲುವಾ.

"ಅದರಲ್ಲಿ ಅಪರಾಧ ಏನಿಲ್ಲ. ಅದು ಅವರದು."

ಲಮ್‌ದುವಾನ್ ಕೈ ಒರೆಸಿಕೊಂಡು, ಅಲಮಾರಿನ ಬಾಗಿಲು ತಾನೇ ಮುಚ್ಚಿ, ಅವರ ಮುಂದೆ ಜೀಪಿನತ್ತ ನಡೆದಳು.