ಒಳಕ್ಕೆ ಹರಿದ ನೀರು

ಸಂಜೆ ತರಗತಿಯಲ್ಲಿ ಓದಿದವಳು ನಾನು. ಬರೆಯಲು ಹೊರಟಿದ್ದಕ್ಕೆ ಕ್ಷಮೆಯಿರಲಿ. ಒಂದು ಮಾತು ತಪ್ಪಿದರೂ ಒಬ್ಬರ ಮಾನ ಹೋದೀತೆಂದು ಪ್ರತಿ ಸಾಲನ್ನೂ ಎರಡೆರಡು ಸಲ ಓದಿದ್ದೇನೆ.

ನಮ್ಮದು ಗುಡ್ಡದ ಮೈಗೆ ಅಂಟಿದ ಮೆಟ್ಟಿಲು ಬೀದಿ. ಒಬ್ಬರ ಮಾಳಿಗೆ ಇನ್ನೊಬ್ಬರ ಅಂಗಳ. ನೂರು ವರ್ಷ ದಾಟಿದ ಮನೆಗಳನ್ನು ಉಳಿಸಿ ಮಿಕ್ಕವನ್ನು ಕೆಡವಲು ನಗರಸಭೆ ತೀರ್ಮಾನಿಸಿತ್ತು. ಹೊಲಿಗೆಯಕ್ಕನ ಮನೆಗಿದ್ದ ಒಂದೇ ಸಾಕ್ಷಿ, ಬಾಗಿಲ ಮೇಲಿನ ಕಲ್ಲಿನಲ್ಲಿ ಕೆತ್ತಿದ್ದ ಇಸವಿ. ಅಧಿಕಾರಿ ಬರುವ ದಿನವೇ ಬೆಳಿಗ್ಗೆ ಅಕ್ಕ ನಕ್ಷೆಯಜ್ಜಿಯ ಮನೆಗೆ ಓಡಿ ಬಂದಳು.

"ಅಜ್ಜೀ, ಎರಡು ದಿನ ತಂಗಿ ಮನೇಲಿದ್ದು ಬಂದೆ. ಕಲ್ಲು ಕದ್ದು ಬೋಳುಗಲ್ಲು ಇಟ್ಟಿದಾರೆ!"

ನಕ್ಷೆಯಜ್ಜಿ ನಗರಸಭೆಯಲ್ಲಿ ಮೂವತ್ತು ವರ್ಷ ಮನೆಗಳ ನಕ್ಷೆ ಬರೆದವರು. ನಾನು ಅವರ ಬಾಡಿಗೆದಾರಳು. ಹೋಗಿ ನೋಡಿದೆವು. ಕಲ್ಲು ಬೋಳು. ಸಂದಿಗಳಲ್ಲಿ ಹಸಿ ಸುಣ್ಣದ ಗಾರೆ. ಬೆಳಗಿನ ಮಳೆಗೆ ಹೊಸ್ತಿಲೊಳಗಿನ ಚಾಪೆ ನೆನೆದಿತ್ತು. ಬೀದಿಯಿಂದ ಹೊರಹೋಗಲು ಇರುವ ಒಂದೇ ದಾರಿಯ ಬಾಯಲ್ಲಿ ಕೂರುವ ಚಪ್ಪಲಿ ಹೊಲಿಯುವವನು, "ಕಲ್ಲು ಹೊತ್ತು ಒಂದು ನರಪಿಳ್ಳೆನೂ ಹೋಗಿಲ್ಲ" ಎಂದ.

ನನ್ನ ಅನುಮಾನ ಪಕ್ಕದ ಮನೆಯ ಕಂಟ್ರಾಕ್ಟರ್ ಮೇಲೆ. ಆ ಜಾಗದ ಮೇಲೆ ಅವನಿಗೆ ಎಂದಿನಿಂದಲೂ ಕಣ್ಣು.

ಮಧ್ಯಾಹ್ನ ಅಜ್ಜಿ ಎಲ್ಲರನ್ನೂ ಮೆಟ್ಟಿಲ ಮೇಲೆ ಸೇರಿಸಿದರು: ಅಧಿಕಾರಿ, ಕಂಟ್ರಾಕ್ಟರ್, ಅಕ್ಕ, ಗಾರೆ ಕೆಲಸದ ಅವಳ ಮೈದುನ.

"ನನ್ನ ಮೇಲೆ ಗೂಬೆ ಕೂರಿಸ್ಬೇಡಿ!" ಎಂದು ಕಂಟ್ರಾಕ್ಟರ್ ಕೂಗಿದ.

"ಕೂರಿಸಲ್ಲಪ್ಪ. ನಿನಗೆ ಸಿಮೆಂಟ್ ಬಿಟ್ರೆ ಬೇರೆ ಗೊತ್ತಿಲ್ಲ. ಇದು ಸುಣ್ಣ; ಹಳೇ ಗೋಡೆಗೆ ನೋವಾಗಬಾರದು ಅನ್ನೋನ ಕೈಕೆಲಸ. ಕಲ್ಲು ಬೀದಿ ದಾಟಿಲ್ಲ. ಬರೀ ತಿರುಗಿದೆ; ಇಸವಿಯಿದ್ದ ಮುಖ ಒಳಕ್ಕೆ ಹೋಗಿ ಗಾರೆಯಡಿ ಮುಚ್ಚಿದೆ. ಹಳಬರು ಇಂಥ ಕಲ್ಲಿನ ಮೇಲ್ಮೈಗೆ ಹೊರಕ್ಕೆ ವಾಟ, ಅಂದ್ರೆ ಸಣ್ಣ ಇಳಿಜಾರು, ಕೊಡ್ತಿದ್ರು, ಮಳೆನೀರು ಬೀದಿಗೆ ಇಳೀಲಿ ಅಂತ. ಈಗ ನೀರು ಒಳಕ್ಕೆ ಹರಿದು ಚಾಪೆ ನೆನೆದಿದೆ. ಈಗಿನ ಗಾರೆಯವರಿಗೆ ಮಟ್ಟ ಗೊತ್ತು, ಆ ವಾಟ ಗೊತ್ತಿಲ್ಲ. ಮನೆ ಬೀಗದ ಕೈ ಯಾರ ಹತ್ರ ಇತ್ತಮ್ಮಾ?"

ಅಕ್ಕ ಮೈದುನನ ಕಡೆ ನೋಡಿದಳು. ಮೈದುನ ತಲೆ ತಗ್ಗಿಸಿದ.

"ನನ್ನ ಹತ್ರ. ಆ ಇಸವಿ ಕೆತ್ತಿದ್ದು ಅಣ್ಣ, ನಾನು... ಅಂದಾಜಿನ ಮೇಲೆ. ಸಾಹೇಬ್ರು ಸುಳ್ಳು ಅಂತ ಕಂಡುಹಿಡಿದ್ರೆ ಅತ್ತಿಗೇನ ಬೀದಿಗೆ ಹಾಕ್ತಾರೆ ಅಂತ ಹೆದರಿದೆ. ಕಲ್ಲು ಕಳುವಾಗಿದೆ ಅಂದ್ರೆ ಸ್ವಲ್ಪ ಕಾಲಾವಕಾಶ ಆದ್ರೂ ಸಿಗುತ್ತೆ ಅಂದ್ಕೊಂಡೆ."

"ದಡ್ಡ! ಹೀಗೆ ವಾಟ ಕಡಿಯೋದು ಈ ಬೀದೀಲಿ ನಿಂತೇ ನೂರು ವರ್ಷದ ಮೇಲಾಯ್ತು. ಎಲ್ಲಾ ಹಳೇ ನಕ್ಷೆಯಲ್ಲಿದೆ. ಆ ವಾಟಾನೇ ಸಾಕ್ಷಿ, ಇಸವಿ ಯಾಕಯ್ಯಾ ಬೇಕಿತ್ತು?" ಎಂದರು ಅಜ್ಜಿ.

ಅಧಿಕಾರಿ ಏಣಿ ಹತ್ತಿ ಕಲ್ಲಿನ ಮೇಲೆ ಚೊಂಬು ನೀರು ಸುರಿದರು. ಅದು ಒಳಕ್ಕೇ ಹರಿಯಿತು. ಇಳಿದು ಬಂದು, ಮನೆ ಉಳಿಸಬೇಕೆಂದು ಬರೆದರು.

ಮನೆ ಕಟ್ಟಿದ್ದು ನಿಜಕ್ಕೂ ಯಾವ ವರ್ಷವೋ ಗೊತ್ತಾಗಲಿಲ್ಲ. ಮೈದುನ ಒಪ್ಪಿಕೊಂಡಾಗ ಅಕ್ಕನಿಗೆ ಆಶ್ಚರ್ಯವಾದಂತೆಯೂ ಕಾಣಲಿಲ್ಲ. ಅವಳಿಗೆ ಮೊದಲೇ ತಿಳಿದಿತ್ತೇ ಎಂದು ಕೇಳುವ ಧೈರ್ಯ ನನಗೆ ಇಂದಿಗೂ ಬಂದಿಲ್ಲ.