ಮೂರನೆಯ ಬೆರಳಿಗೆ ಸಿಕ್ಕ ಉತ್ತರ

ನಲವತ್ತೊಂದು ವರ್ಷಗಳ ಹಿಂದೆ ಒಂದು ದಾನಪತ್ರದ ಮೇಲಿನ ಸಹಿಯನ್ನು ನಾನು ಸುಳ್ಳೆಂದು ಸಾಧಿಸಿದೆ. ನನಗಿಂತ ಹಿರಿಯರಾದ ಮೂವರು ಕೈಬರಹ ಪರೀಕ್ಷಕರು ಅದನ್ನು ನಿಜವೆಂದು ಬರೆದುಕೊಟ್ಟಿದ್ದರು. ಹನ್ನೊಂದು ದಿನ, ನೂರ ಹದಿನಾಲ್ಕು ಸಹಿಗಳು, ಒಂದು ಭೂತಗನ್ನಡಿ. ಹನ್ನೆರಡನೆಯ ದಿನ ನ್ಯಾಯಾಲಯದ ಕಿಟಕಿಯ ಗಾಜಿಗೆ ಎರಡು ಹಾಳೆಗಳನ್ನು ಒತ್ತಿ ಹಿಡಿದು ನ್ಯಾಯಾಧೀಶರನ್ನು ಕರೆದೆ. ಅವರು ಪೀಠದಿಂದ ಇಳಿದು ಬಂದರು. ಅಂದಿನಿಂದ ಇಲಾಖೆಯಲ್ಲಿ ನನ್ನ ಹೆಸರು ಮಾಸಿಹೋಗಿ ‘ಭೂತಗನ್ನಡಿ’ ಎಂಬುದೊಂದೇ ಉಳಿಯಿತು.

ಆ ಹೆಮ್ಮೆಯೇ ಮೊನ್ನೆ ಒಬ್ಬ ನಿರಪರಾಧಿಯ ಕೊರಳಿಗೆ ಹಗ್ಗ ಹೊಸೆಯಿತು.

*

ಸೋಮವಾರ ಸಂಜೆ ಐದು ಗಂಟೆ. ನಾಲ್ಕು ಮಹಡಿಗಳ ಅಂಗಡಿ ಸಂಕೀರ್ಣ. ಮೂರನೆಯ ಮಹಡಿಯ ಓಣಿಯನ್ನು ಒರೆಸುತ್ತಿದ್ದ ಹೆಂಗಸಿನ ಬಕೆಟ್ಟಿನ ನೀರು ಕೆಂಪಾಯಿತು. ಯಾರೋ ಬಣ್ಣ ಚೆಲ್ಲಿದ್ದಾರೆಂದು ಬೈಯುತ್ತಲೇ ಆಕೆ ಕೊನೆಯ ಪುಟ್ಟ ಅಂಗಡಿಯ ಬಾಗಿಲನ್ನು ಕೋಲಿನಿಂದ ತಳ್ಳಿದಳು. ಆಮೇಲೆ ಬೈಯಲಿಲ್ಲ.

ಒಳಗೆ ಕುರ್ಚಿಯ ಸಮೇತ ಉರುಳಿ ಬಿದ್ದಿದ್ದವನಿಗೆ ಇಪ್ಪತ್ತೊಂಬತ್ತು ವಯಸ್ಸು. ಫೋನಿನ ಯಾವ ಆಟದ ಬೀಗವನ್ನಾದರೂ ತೆರೆದು ತಿದ್ದಿಕೊಡುತ್ತಿದ್ದುದರಿಂದ ಎಲ್ಲರೂ ಅವನನ್ನು ‘ಕೀಲಿ’ ಎನ್ನುತ್ತಿದ್ದರು. ಕಂಪ್ಯೂಟರಿನ ವಿದ್ಯುತ್ ಪೆಟ್ಟಿಗೆ, ಎರಡು ಕಿಲೋ ತೂಗುವ ಉಕ್ಕಿನ ಡಬ್ಬಿ, ಅವನ ತಲೆಯ ಎಡಭಾಗವನ್ನು ಒಳಕ್ಕೆ ಕೂರಿಸಿತ್ತು. ಹೊಡೆತ ಒಂದಲ್ಲ, ಗೋಡೆಯ ಮೇಲೆ ನಾಲ್ಕು ಸಾಲು ರಕ್ತ ಸಿಡಿದಿತ್ತು. ಬಲಗೈಯ ಮೂರು ಬೆರಳುಗಳು ಹಿಂದಕ್ಕೆ ಮುರಿದು ಜೋತಾಡುತ್ತಿದ್ದವು. ಕಂಪ್ಯೂಟರಿನ ಮುಚ್ಚಳ ತೆರೆದಿತ್ತು. ಹಾರ್ಡ್ ಡಿಸ್ಕ್ ಇರಲಿಲ್ಲ. ಅದನ್ನು ಹಿಡಿದಿಟ್ಟಿದ್ದ ನಾಲ್ಕು ಪುಟ್ಟ ಸ್ಕ್ರೂಗಳು ಮೌಸ್ ಪ್ಯಾಡಿನ ಮೇಲೆ ಸಾಲಾಗಿ ಕುಳಿತಿದ್ದವು.

ಮೇಜಿನ ಮೇಲೆ ಒಂದು ಚೀಟಿ: ‘ಇನ್ನೊಂದು ಮನೆ ಹಾಳು ಮಾಡಿದರೆ ನಿನ್ನ ಬೆರಳು ಒಂದೊಂದಾಗಿ ಮುರಿಯುತ್ತೇನೆ.’

*

ಈ ಪ್ರಕರಣದ ಇನ್ಸ್‌ಪೆಕ್ಟರ್ ನನ್ನ ಮೊಮ್ಮಗಳು. ಮಂಗಳವಾರ ಆ ಚೀಟಿಯನ್ನೂ, ಹಿಂದಿನ ವಾರ ಆ ಅಂಗಡಿಯಲ್ಲಿ ಗಲಾಟೆ ಮಾಡಿದ್ದ ಒಬ್ಬ ವೆಲ್ಡರನ ರಸೀದಿ ಪುಸ್ತಕವನ್ನೂ ಆಕೆ ನನ್ನ ಮುಂದಿಟ್ಟಳು.

“ಅಜ್ಜ, ಎರಡೂ ಒಂದೇ ಕೈಯಾ?”

ನಾನು ಹತ್ತು ನಿಮಿಷ ನೋಡಿದೆ. “ಒಂದೇ ಕೈ. ಎರಡನೇ ಮಾತಿಲ್ಲ.”

ಅರ್ಧ ಗಂಟೆಯಲ್ಲಿ ವೆಲ್ಡರ್ ಲಾಕಪ್ಪಿನಲ್ಲಿದ್ದ. ಚೀಟಿ ತನ್ನದೇ ಎಂದು ಒಪ್ಪಿಕೊಂಡ. ಹಿಂದಿನ ವಾರ ಕಬ್ಬಿಣದ ಸಲಾಕೆ ಹಿಡಿದುಹೋಗಿ ಕೀಲಿಯ ಬಾಗಿಲಿನ ಗಾಜು ಪುಡಿ ಮಾಡಿ, ಚೀಟಿ ಎಸೆದು ಬಂದೆನೆಂದ. ಸೋಮವಾರ ಮಾತ್ರ ಹೋಗಲಿಲ್ಲವೆಂದ. ಎಲ್ಲಿದ್ದೆ ಎಂದರೆ, ಮನೆಯಲ್ಲಿ ಮಗಳ ಬಾಗಿಲ ಮುಂದೆ ಕೂತಿದ್ದೆ ಎಂದ. ಸಾಕ್ಷಿ ಯಾರೆಂದರೆ, ಬಾಗಿಲು ಎಂದ.

ಕಾರಣ ಆ ಮಗಳೇ. ಕಾಲೇಜಿನ ಹುಡುಗಿ. ತೀರಿಹೋದ ತಾಯಿಗೆ ದಿನವೂ ಒಂದು ಪತ್ರ ಬರೆದು ತನ್ನ ಖಾತೆಯಲ್ಲಿ ಬಚ್ಚಿಡುತ್ತಿದ್ದಳು. ಕೀಲಿಯ ಅಂಗಡಿಯ ಒಂದು ಆಟವನ್ನು ತನ್ನ ಕೋಣೆಯ ಕಂಪ್ಯೂಟರಿಗೆ ಹಾಕಿಕೊಂಡಿದ್ದಳು. ಒಂಬತ್ತು ದಿನಗಳ ಕೆಳಗೆ ಆ ಪತ್ರಗಳೆಲ್ಲ ಇಡೀ ತರಗತಿಯ ಫೋನುಗಳಿಗೆ ಹರಡಿದವು. ಅಂದು ಕೋಣೆಯ ಚಿಲಕ ಹಾಕಿಕೊಂಡವಳು ಮತ್ತೆ ಬಾಯಿ ಬಿಟ್ಟಿರಲಿಲ್ಲ. ತಂದೆ ಬಾಗಿಲಲ್ಲಿ ಇಟ್ಟ ತಟ್ಟೆಯನ್ನು ಮಾತ್ರ ಎಳೆದುಕೊಳ್ಳುತ್ತಿದ್ದಳು.

*

ಗುರುವಾರ ಮಧ್ಯಾಹ್ನ ಮೊಮ್ಮಗಳು ಊಟಕ್ಕೆ ಬಂದಳು. ಮರುದಿನ ಬೆಳಿಗ್ಗೆ ವೆಲ್ಡರನ ಮೇಲೆ ಕೊಲೆಯ ಆರೋಪ ಹೊರಿಸುವುದೆಂದು ತೀರ್ಮಾನವಾಗಿತ್ತು.

“ಆಟವನ್ನ ತಿದ್ದೋದು ಅಂದ್ರೆ ಏನು?” ಎಂದೆ.

“ಕಂಪ್ಯೂಟರ್ ಹೊಟ್ಟೆಯೊಳಗೆ ಒಂದು ಸುಳ್ಳು ಫೋನ್ ಇರುತ್ತೆ ಅಂದ್ಕೊ. ಎಮ್ಯುಲೇಟರ್ ಅಂತಾರೆ. ಫೋನಿನ ಆಟ ಅದರೊಳಗೆ ಓಡುತ್ತೆ. ಅಲ್ಲಿ ಆಟದ ಹೊಟ್ಟೆ ಸೀಳಿ, ನಾಣ್ಯ ಮುಗಿಯದ ಹಾಗೆ, ಆಟಗಾರ ಸಾಯದ ಹಾಗೆ ಮಾಡಿ, ಹೊಲಿದು ಹಂಚ್ತಾರೆ.”

“ಹೊಲಿಯುವಾಗ ಕತ್ತರಿ ಒಳಗೇ ಬಿಟ್ಟರೆ?”

“ಅದೇ ಆಗಿದ್ದು. ಆಟ ಕೇಳ್ತು ಅಂತ ಆ ಹುಡುಗಿ ತನ್ನ ಸ್ವಂತ ಖಾತೆಯಲ್ಲೇ ಒಳಗೆ ಹೋದಳು. ಹಿಂದೆ ಕಳ್ಳ ಕೂತಿದ್ದ. ಹತ್ತು ಜನರ ಹತ್ರ ಈ ಆಟ ಹಾಕಿಸು, ಇಲ್ಲದಿದ್ರೆ ಪತ್ರ ಹಂಚ್ತೀನಿ ಅಂದ. ಅವಳು ಒಪ್ಪಲಿಲ್ಲ. ಆ ಬೆದರಿಕೆ ಬಂದ ಫೋನ್ ಅವಳಪ್ಪನ ಹತ್ರ ಇತ್ತು.”

“ಕೆಲಸ ಮಾಡ್ತಿದ್ದವನು ಕೀಲಿ ಒಬ್ಬನೇನಾ?”

“ಒಬ್ಬ ಪಾಲುದಾರ ಇದ್ದಾನೆ. ಮೈಕು ಅಂತ ಕರೀತಾರೆ. ಆಟ ಆಡ್ತಾ ನೇರಪ್ರಸಾರದಲ್ಲಿ ವಟವಟ ಅಂತಾನೆ, ಜನ ನೋಡ್ತಾರೆ. ಸೋಮವಾರ ಎರಡರಿಂದ ನಾಲ್ಕರವರೆಗೆ ಮನೆಯಿಂದ ಪ್ರಸಾರ ಮಾಡಿದ್ದಾನೆ. ಎಂಟುನೂರು ಜನ ನೋಡಿದ್ದಾರೆ. ಕೊಲೆ ಆಗಿದ್ದು ಮೂರರ ಸುಮಾರಿಗೆ.”

“ಏನು ವಟಗುಟ್ಟಿದ?”

ಆಕೆ ತುತ್ತು ನಿಲ್ಲಿಸಿದಳು. “ಅವತ್ತು ಮಾತಾಡಲಿಲ್ಲ. ಗಂಟಲು ನೋವು ಅಂತ ಬರೆದು ಹಾಕಿದ್ದ. ಮುಖ ಯಾವತ್ತೂ ತೋರಿಸಲ್ಲ. ಆಟದ ಪರದೆ ಮಾತ್ರ.”

“ಬೆರಳು ಮುರಿದದ್ದು ಸತ್ತ ಮೇಲೋ, ಮೊದಲೋ?”

“ಮೊದಲೇ ಅಂದ್ರು ಡಾಕ್ಟರು. ಬಾಯಿಗೆ ಬಟ್ಟೆ ತುರುಕಿದ್ದರಂತೆ.”

“ನೋಡು ಮಗಳೇ, ಸಿಟ್ಟಿಗೆ ಸ್ಕ್ರೂಡ್ರೈವರ್ ಬೇಕಿಲ್ಲ. ಗಾಜು ಒಡೆದವನು ಡಿಸ್ಕನ್ನೂ ಒಡೀತಾನೆ. ಇವನು ನಾಲ್ಕು ಸ್ಕ್ರೂ ಬಿಚ್ಚಿ ಜೋಡಿಸಿಟ್ಟಿದ್ದಾನೆ.”

“ಮಗಳ ಪತ್ರ ಅದರಲ್ಲಿದೆ ಅಂತ ತಗೊಂಡು ಹೋಗಿರಬಹುದಲ್ಲ?”

“ಹೋಗಿರಬಹುದು. ಆದರೆ ಕೈಗೆ ಐದು ಬೆರಳು. ಸಿಟ್ಟಾದರೆ ಐದೂ ಮುರೀತಿತ್ತು. ಇದು ಮೂರಕ್ಕೆ ನಿಂತಿದೆ. ಅಂದರೆ ಯಾರೋ ಏನನ್ನೋ ಕೇಳುತ್ತಿದ್ದ. ಮೂರನೇ ಬೆರಳಿಗೆ ಉತ್ತರ ಸಿಕ್ಕಿತು.”

ಮೊಮ್ಮಗಳು ಕೈ ತೊಳೆದುಕೊಂಡಳು. “ಊಟದ ಹೊತ್ತಿಗೆ ಈ ಮಾತು ಬೇಕಿತ್ತಾ?” ಎಂದು ಗೊಣಗುತ್ತಲೇ ಜೀಪಿನ ಕೀಲಿಕೈ ಎತ್ತಿಕೊಂಡಳು.

*

ವೆಲ್ಡರನ ಮನೆ ಎರಡು ಕೋಣೆಗಳದು. ಒಳಬಾಗಿಲು ಮುಚ್ಚಿತ್ತು. ಪಕ್ಕದ ಮನೆಯಾಕೆ ಬೆಳಿಗ್ಗೆ ಇಟ್ಟ ತಟ್ಟೆ ಹಾಗೆಯೇ ಇತ್ತು. ತಂದೆ ಲಾಕಪ್ಪಿಗೆ ಹೋದ ಮೇಲೆ ತಟ್ಟೆಯೂ ಒಳಗೆ ಹೋಗುತ್ತಿರಲಿಲ್ಲ.

ಮೊಮ್ಮಗಳು ಕರೆದಳು. ಚಿಲಕ ಅಲುಗಲಿಲ್ಲ. ಆಕೆಯನ್ನು ಹೊರಗೆ ಕಳಿಸಿ ನಾನು ಬಾಗಿಲಿಗೆ ಬೆನ್ನು ಕೊಟ್ಟು ನೆಲದ ಮೇಲೆ ಕುಳಿತೆ. ಎಪ್ಪತ್ತೆಂಟರ ಮಂಡಿಗಳು ದೂರು ಹೇಳಿದವು.

“ನಿನ್ನ ಅಪ್ಪನ ಅಕ್ಷರ ಗುರುತಿಸಿ ಒಳಗೆ ಹಾಕಿಸಿದವನು ನಾನೇ ಕಣಮ್ಮ,” ಎಂದೆ. “ಅದಕ್ಕೇ ಬಂದೆ. ನೀನೇನೂ ಹೇಳಬೇಡ. ನಾನೊಂದು ಹಳೇ ವಿಷಯ ಹೇಳ್ತೀನಿ.”

ದಾನಪತ್ರದ ಕಥೆ ಹೇಳಿದೆ. ಆ ಸಹಿ, ಸತ್ತ ಯಜಮಾನರ ಒಂದು ಹಳೆಯ ಸಹಿಯಂತೆಯೇ ಇತ್ತು. ಅದಕ್ಕೇ ಮೂವರೂ ನಿಜವೆಂದಿದ್ದರು. ನಾನು ಅದೇ ಕಾರಣಕ್ಕೆ ಸುಳ್ಳೆಂದೆ. ಕಿಟಕಿಯ ಬೆಳಕಿನಲ್ಲಿ ಎರಡೂ ಕೂದಲೆಳೆಯಷ್ಟೂ ವ್ಯತ್ಯಾಸವಿಲ್ಲದೆ ಒಂದರ ಮೇಲೊಂದು ಕುಳಿತವು. ಮೂರನೆಯ ಅಕ್ಷರದಲ್ಲಿ ಲೇಖನಿ ಜಾರಿದ್ದು ಕೂಡ ಅದೇ ಜಾಗದಲ್ಲಿ. ಕೈ ಸಾವಿರ ಸಲ ಬರೆದರೆ ಸಾವಿರ ಬಗೆ. ತನ್ನನ್ನು ತಾನೇ ತಪ್ಪಿಲ್ಲದೆ ಹೋಲುವುದು ಮನುಷ್ಯನಿಗೆ ಆಗದ ಕೆಲಸ. ಅಷ್ಟು ಹೋಲಿದರೆ ಅದು ನಕಲು.

ನಾನು ಏಳಲು ಗೋಡೆ ಹಿಡಿದಾಗ ಬಾಗಿಲ ಕೆಳಗಿನಿಂದ ಒಂದು ಹಾಳೆ ಜಾರಿಬಂತು. ಪೆನ್ಸಿಲ್ ಎಷ್ಟು ಒತ್ತಿತ್ತೆಂದರೆ ಕಾಗದ ಎರಡು ಕಡೆ ಹರಿದಿತ್ತು.

‘ಬುಧವಾರ ಬೆಳಿಗ್ಗೆ ಆಟದ ಹೊಸ ಆವೃತ್ತಿ ತಾನಾಗಿ ಬಂತು. ಹಳೆಯದರ ಮೇಲೇ ಕೂತಿತು. ಮುದ್ರೆ ಅದೇ ಇಲ್ಲದಿದ್ದರೆ ಕೂರುವುದಿಲ್ಲ. ಅವನು ಸತ್ತದ್ದು ಸೋಮವಾರ.’

ಮೊಮ್ಮಗಳಿಗೆ ತೋರಿಸಿದೆ. ಆಕೆ ಜೀಪಿನ ಬಾನೆಟ್ಟಿಗೆ ಒರಗಿ ನಿಂತಳು.

“ತಿದ್ದಿದ ಪ್ರತಿ ಆಟಕ್ಕೂ ತಿದ್ದಿದವನ ಒಂದು ಗುಪ್ತ ಮುದ್ರೆ ಇರುತ್ತೆ ಅಜ್ಜ. ಅದು ಕೀಲಿಯ ಡಿಸ್ಕಲ್ಲಿತ್ತು. ಅದನ್ನ ಒತ್ತೋಕೆ ಒಂದು ಗುಟ್ಟಿನ ಮಾತು ಬೇಕು. ಅದು ಅವನ ತಲೇಲಿತ್ತು.”

“ತಲೆಯಿಂದ ಹೊರಗೆ ಬರೋಕೆ ಮೂರು ಬೆರಳು ಹಿಡೀತು.”

“ಬುಧವಾರ ವೆಲ್ಡರ್ ನನ್ನ ಲಾಕಪ್ಪಲ್ಲಿದ್ದ,” ಎಂದಳು ಮೆಲ್ಲಗೆ. “ಆದರೆ ಮೇಲಿನವರು ಬಿಡಲ್ಲ. ಡಿಸ್ಕನ್ನ ಯಾರಿಗೋ ಕೊಟ್ಟ, ಅವರು ಮಾಡಿದ್ರು ಅಂತಾರೆ. ಮೈಕು ಎಂಟುನೂರು ಜನರ ಕಣ್ಮುಂದೆ ಇದ್ದ.”

“ಎಂಟುನೂರು ಜನ ಅವನನ್ನ ನೋಡಿದರಾ, ಅವನ ಆಟವನ್ನಾ? ಆ ಪ್ರಸಾರ ನನಗೆ ಹಾಕಿಕೊಡು. ದರ್ಜಿಗಳ ಹತ್ತಿರ ಸಿಗುವ ತೆಳು ಕಾಗದ ಎರಡು ಹಾಳೆ ತಾ.”

*

ಆಟದಲ್ಲಿ ಗಣಿ ಅಗೆಯುವ ಪುಟ್ಟ ಮನುಷ್ಯರಿದ್ದರು. ಬೆರಳು ತಾಗಿದಲ್ಲೆಲ್ಲ ಪರದೆಯ ಮೇಲೆ ಒಂದು ಬಿಳಿಯ ಚುಕ್ಕೆ ಮಿನುಗುತ್ತಿತ್ತು. ತನ್ನ ಕೈಚಳಕ ಜನ ನೋಡಲೆಂದು ಮೈಕು ಹಾಗೆ ಇಟ್ಟುಕೊಂಡಿದ್ದ. ಮೊದಲ ಅರ್ಧ ಗಂಟೆ ಚುಕ್ಕೆಗಳು ಅಡ್ಡಾದಿಡ್ಡಿ ಕುಣಿದವು. ಎರಡೂವರೆಯ ನಂತರ ಶಿಸ್ತು ಬಂತು.

ಎರಡು ಗಂಟೆ ಐವತ್ತೊಂದು ನಿಮಿಷಕ್ಕೆ ಒಂದು ಚುಕ್ಕೆ ಗುಂಡಿಯಿಂದ ಒಂದು ಅಕ್ಕಿಕಾಳಿನಷ್ಟು ಆಚೆ ಬಿದ್ದದ್ದು ನನ್ನ ಕಣ್ಣಿಗೆ ಸಿಕ್ಕಿತು. ಜಾರಿದ ಬೆರಳು. ಏಳು ನಿಮಿಷದ ಮೇಲೆ ಮತ್ತೆ ಅಲ್ಲಿಯೇ ಜಾರಿತು. ಇನ್ನೇಳು ನಿಮಿಷಕ್ಕೆ ಮತ್ತೆ.

ತೆಳು ಹಾಳೆಯನ್ನು ಪರದೆಗೆ ಅಂಟಿಸಿ ಏಳು ನಿಮಿಷದ ಚುಕ್ಕೆಗಳನ್ನೆಲ್ಲ ಪೆನ್ಸಿಲಿನಿಂದ ಗುರುತಿಸಿ ಕ್ರಮಾಂಕ ಹಾಕಿದೆ. ಕೈ ಹಿಂದೆ ಬಿದ್ದಾಗ ಮೊಮ್ಮಗಳು ಪರದೆಯನ್ನು ತಡೆದು ನಿಲ್ಲಿಸಿದಳು. ಮೂರು ಹತ್ತೊಂಬತ್ತರ ನಂತರದ ಏಳು ನಿಮಿಷಕ್ಕೆ ಎರಡನೆಯ ಹಾಳೆ. ಇನ್ನೂರ ಆರು ಚುಕ್ಕೆಗಳು. ಎರಡನ್ನೂ ನನ್ನ ಮನೆಯ ಕಿಟಕಿಗೆ ಒತ್ತಿದೆ. ಬಿಸಿಲು ಬಿತ್ತು.

“ಅಜ್ಜ,” ಎಂದಳು ಮೊಮ್ಮಗಳು. “ಒಂದೇ ಹಾಳೆ ಕಾಣ್ತಿದೆ.”

*

ಮೈಕು ನಗುನಗುತ್ತಲೇ ಬಾಗಿಲು ತೆರೆದ. ಗಂಟಲು ಪೂರ್ತಿ ವಾಸಿಯಾಗಿತ್ತು.

“ಬನ್ನಿ ಮೇಡಂ. ಯಜಮಾನರಿಗೂ ಆಟ ಕಲಿಸಬೇಕಾ?”

“ಒಂದು ಪಾಠ ಇದೆ,” ಎಂದು ನಾನು ಎರಡು ಹಾಳೆಗಳನ್ನು ಅವನ ಉರಿಯುವ ಪರದೆಯ ಮೇಲೆ ಇಟ್ಟೆ. “ಇವು ನಿನ್ನ ಬೆರಳು. ಎರಡು ಐವತ್ತೊಂದರವು, ಮೂರು ಹತ್ತೊಂಬತ್ತರವು. ಜಾರಿದ್ದು ಕೂಡ ಅದೇ ಜಾಗಕ್ಕೆ. ಎರಡೂವರೆಗೆ ಏಳು ನಿಮಿಷ ನೀನೇ ಆಡಿದೆ. ಎಮ್ಯುಲೇಟರ್ ಆ ಒತ್ತುಗಳನ್ನ ಬರೆದುಕೊಂಡಿತು. ಆಮೇಲೆ ಅದನ್ನೇ ತಿರುತಿರುಗಿ ಓಡಿಸು ಅಂತ ಹೇಳಿ ಎದ್ದುಹೋದೆ. ಅಂಗಡಿಗೆ ಕಾಲು ಗಂಟೆ ದಾರಿ.”

“ಅದು ಎಲ್ಲರೂ ಮಾಡ್ತಾರೆ ತಾತ. ಬೇಜಾರಾಗುತ್ತೆ, ಮಲಗಿದ್ದೆ. ಮಲಗೋದು ಅಪರಾಧನಾ?”

“ಅಲ್ಲ. ಸತ್ತವನ ಮುದ್ರೆ ಒತ್ತೋದು ಅಪರಾಧ. ಬುಧವಾರದ ಆವೃತ್ತಿಯನ್ನ ಠಾಣೆಯವರು ಬಿಚ್ಚಿ ನೋಡಿದರು, ಅದರಲ್ಲಿ ಕಳ್ಳತನದ ತುಂಡು ಇಲ್ಲ. ಪೊಲೀಸರು ನೋಡೋ ಮೊದಲು ಎಲ್ಲರ ಯಂತ್ರದಿಂದ ಅದನ್ನ ಒರೆಸಬೇಕಿತ್ತು. ಆ ಮುದ್ರೆ ಇಲ್ಲದೆ ಒರೆಸೋಕೆ ಆಗಲ್ಲ. ಅದಕ್ಕೇ ಡಿಸ್ಕನ್ನ ಒಡೆಯಲಿಲ್ಲ, ಬಿಚ್ಚಿದೆ. ನಾಳೆಯೂ ಬೇಕು ಅಂತ ಎಸೆಯಲೂ ಇಲ್ಲ.”

ಮೊಮ್ಮಗಳು ಆಗಲೇ ಅವನ ಕಂಪ್ಯೂಟರಿನ ಪಕ್ಕ ಮಂಡಿಯೂರಿದ್ದಳು. ಒಳಗೆ ಎರಡು ಡಿಸ್ಕುಗಳು. ಒಂದು ಹೊಳೆಯುತ್ತಿತ್ತು. ಇನ್ನೊಂದರ ಅಂಚಿನಲ್ಲಿ ಕಂದು ಕಲೆ ಒಣಗಿತ್ತು.

ಮೈಕುವಿನ ನಗು ಆರಿತು. ಮುಂದಿನದು ನಾಲ್ಕು ಉಸಿರಿನಲ್ಲಿ ನಡೆಯಿತು. ಮೇಜಿನ ಮೇಲಿನ ಸ್ಕ್ರೂಡ್ರೈವರ್ ಅವನ ಕೈಗೆ ಬಂತು. ಅವನ ಮೊಣಕೈ ನನ್ನ ಕತ್ತಿಗೆ ಬಿಗಿಯಿತು. ಉಕ್ಕಿನ ತುದಿ ನನ್ನ ಕಿವಿಯ ಹಿಂದೆ ಚರ್ಮ ಸೀಳಿ ಮೂಳೆಗೆ ತಾಗಿದ್ದು ಕೇಳಿಸಿತು. ನೋವಿಗಿಂತ ಮೊದಲು ಸದ್ದು.

“ದಾರಿ ಬಿಡು, ಇಲ್ಲದಿದ್ರೆ ಮುದುಕ ಹೋದ.”

“ಮುದುಕ ಹೋಗೋ ವಯಸ್ಸೇ,” ಎಂದು ನಾನು ಇಡೀ ಭಾರ ಬಿಟ್ಟು ಕುಸಿದೆ. ಅವನು ಬಾಗಿದ. ಮೊಮ್ಮಗಳ ಲಾಠಿ ಅವನ ಮಣಿಕಟ್ಟಿಗೆ ಬಿತ್ತು. ಹಸಿ ಕಟ್ಟಿಗೆ ಮುರಿದಂತಾಯಿತು. ಎರಡನೆಯ ಏಟಿಗೆ ಅವನ ಹಲ್ಲುಗಳು ಕೀಲಿಮಣೆಯ ಮೇಲೆ ಚೆಲ್ಲಿದವು. ಇಬ್ಬರೂ ನೆಲಕ್ಕುರುಳಿದರು, ಅವನು ಒದ್ದ ಒದೆಗೆ ಆಕೆಯ ಹುಬ್ಬು ಒಡೆಯಿತು. ಕಣ್ಣಿಗೆ ರಕ್ತ ಇಳಿಯುತ್ತಿದ್ದರೂ ಆಕೆ ಅವನ ಬೆನ್ನ ಮೇಲೆ ಕುಳಿತೇ ಬೇಡಿ ಹಾಕಿದಳು.

ರಕ್ತ ಉಗುಳುತ್ತಲೇ ಅವನು ಒಪ್ಪಿಕೊಂಡ. ಕಳ್ಳತನದ ತುಂಡನ್ನು ಜಾಹೀರಾತೆಂದು ಹೇಳಿ ಕೀಲಿಗೆ ಕೊಟ್ಟಿದ್ದ. ಕೀಲಿ ನೋಡದೆ ಮುದ್ರೆ ಒತ್ತಿದ್ದ. ವೆಲ್ಡರ್ ಗಾಜು ಒಡೆದ ದಿನ ಕೀಲಿ ಮೊದಲ ಬಾರಿ ಬಿಚ್ಚಿ ನೋಡಿ, ಗುಟ್ಟಿನ ಮಾತು ಬದಲಿಸಿ, ಮಂಗಳವಾರ ಠಾಣೆಗೆ ಹೋಗುತ್ತೇನೆಂದ.

“ಬೆರಳು ಮುರಿಯೋ ಉಪಾಯ ಎಲ್ಲಿಂದ ಬಂತು?” ಎಂದಳು ಮೊಮ್ಮಗಳು.

“ಚೀಟಿ ಅಲ್ಲೇ ಇತ್ತಲ್ಲ,” ಎಂದ. “ಹೇಗೂ ವೆಲ್ಡರ್ ಬರೆದಿದ್ದಾನೆ, ಅವನ ತಲೆಗೇ ಬರುತ್ತೆ ಅಂದ್ಕೊಂಡೆ.”

*

ಶುಕ್ರವಾರ ಬೆಳಿಗ್ಗೆ ವೆಲ್ಡರನನ್ನು ನಾವೇ ಮನೆಗೆ ಕರೆದೊಯ್ದೆವು. ನನ್ನ ಕಿವಿಯ ಹಿಂದೆ ಆರು ಹೊಲಿಗೆ, ಮೊಮ್ಮಗಳ ಹುಬ್ಬಿಗೆ ನಾಲ್ಕು. ಇಬ್ಬರೂ ಹರಿದ ದಿಂಬುಗಳಂತಿದ್ದೆವು. ಅಕ್ಷರ ನಿನ್ನದೇ ಆಗಿತ್ತು, ನನ್ನ ತೀರ್ಮಾನ ಅವಸರದ್ದಾಗಿತ್ತು ಎಂದು ಅವನಿಗೆ ಹೇಳಿದೆ. ಅವನು ತಲೆಯಾಡಿಸಿದ. “ಬರೆದದ್ದು ನಾನೇ ಅಲ್ವಾ ಸಾರ್,” ಎಂದ.

ಒಳಬಾಗಿಲ ಮುಂದೆ ನಿಂತು ಅವನು ಬಡಿಯಲಿಲ್ಲ. “ಮಗಾ, ನಾನು,” ಎಂದಷ್ಟೇ ಅಂದ.

ಚಿಲಕ ಜಾರಿತು. ಹುಡುಗಿ ಹೊಸ್ತಿಲಲ್ಲಿ ನಿಂತಳು. ತಂದೆಯ ಎರಡೂ ಕೈ ಹಿಡಿದು, ತಿರುಗಿಸಿ, ಹತ್ತು ಬೆರಳುಗಳನ್ನೂ ಒಂದೊಂದಾಗಿ ಮುಟ್ಟಿ ನೋಡಿದಳು. ನಂತರ ನನ್ನ ತಲೆಯ ಬ್ಯಾಂಡೇಜಿನ ಕಡೆ ನೋಡಿದಳು. ಬಹಳ ದಿನ ಬಳಸದ ಕಂಠ, ಮೊದಲು ಬರೀ ಗಾಳಿ ಬಂತು.

“ತಾತ,” ಎಂದಳು, “ಆ ಕಿಟಕಿ ಕಥೆ ಇನ್ನೊಂದ್ಸಲ ಹೇಳ್ತೀರಾ? ನಿನ್ನೆ ಬಾಗಿಲು ಅಡ್ಡ ಇತ್ತು.”