ಕಪ್ಪು ಹಲ್ಲಿನ ಓಟಾಕಿ

“ಆ ಕೈ ಬಿಡು!”

ಕಣಿವೆ ದಾರಿಯ ಚಹಾ ಅಂಗಡಿಯಲ್ಲಿ ಒಡತಿ ಓಟಾಕಿಯ ಮಣಿಕಟ್ಟು ಹಿಡಿದಿದ್ದ ಜೂಜುಕೋರ ತಿರುಗಿ ನೋಡಿದ. ಬಾಗಿಲಲ್ಲೊಬ್ಬ ನಿಂತಿದ್ದ: ಹರಿದ ಕಿಮೊನೊ, ಕುರುಚಲು ಗಡ್ಡ, ಸೊಂಟದಲ್ಲಿ ಎರಡು ಕತ್ತಿ. ಒಡೆಯನಿಲ್ಲದೆ ಊರೂರು ಅಲೆಯುವ ಸಮುರಾಯ್!

“ಊಟಕ್ಕೇ ಗತಿಯಿಲ್ಲ, ಜಂಬ ನೋಡು!”

ಸಮುರಾಯ್ ಹೆಬ್ಬೆರಳಿನಿಂದ ಕತ್ತಿಯನ್ನು ಒರೆಯಿಂದ ಒಂದಿಷ್ಟೇ ಮೇಲೆತ್ತಿದ. ಜೂಜುಕೋರ ಕಾಲಿಗೆ ಬುದ್ಧಿ ಹೇಳಿದ.

ಓಟಾಕಿಯ ಎದೆ ಇನ್ನೂ ಹೊಡೆದುಕೊಳ್ಳುತ್ತಿತ್ತು... ಹೆದರಿಕೆಯಿಂದ ಮಾತ್ರವಲ್ಲ. ನಕ್ಕು ತಲೆಬಾಗಿದಳು. ಆ ನಗು ನೋಡಿದ್ದೇ ತಡ, ಅವನು ಮುಖ ತಿರುಗಿಸಿಬಿಟ್ಟ!

ಅವನ ಹೆಸರು ಹಂಜೂರೊ. ಊಟಕ್ಕೆ ಬದಲಾಗಿ ಸೌದೆ ಒಡೆದ, ಸೋರುವ ಮಾಡು ಸರಿಮಾಡಿದ, ಚಳಿಗಾಲವನ್ನೆಲ್ಲ ಅಲ್ಲೇ ಕಳೆದ. ಆದರೆ ಮಲಗುತ್ತಿದ್ದುದು ಸೌದೆ ಕೊಟ್ಟಿಗೆಯಲ್ಲಿ. ಬೆಂಕಿ ಕಾಯಿಸಿಕೊಳ್ಳಿ ಬನ್ನಿ ಎಂದು ಎಷ್ಟು ಕರೆದರೂ ಹೊಸ್ತಿಲು ದಾಟಲಿಲ್ಲ.

‘ಚಹಾ ಮಾರುವ ಹೆಣ್ಣು ನಾನು, ಸಮುರಾಯ್‌ಗೆ ಎಲ್ಲಿಯ ಸಾಟಿ...’ ಎಂದು ಓಟಾಕಿ ಒಳಗೊಳಗೇ ಕೊರಗಿದಳು.

ಹಿಮ ಕರಗತೊಡಗಿದ ಬೆಳಿಗ್ಗೆ ಅವನು ಹುಲ್ಲಿನ ಚಪ್ಪಲಿ ಕಟ್ಟಿಕೊಂಡ.

“ಹೊರಟೆ. ಉತ್ತರದಲ್ಲಿ ಯಾರಾದ್ರೂ ದೊರೆ ಕೆಲಸ ಕೊಡ್ತಾರಾ ನೋಡ್ತೀನಿ. ಮತ್ತೆ ಈ ಕಡೆ ಬರಲ್ಲ.”

ಅವಳು ಬಾಗಿಲಿಗೆ ಬಂದಳು. “ನಾನೇನು ತಪ್ಪು ಮಾಡ್ದೆ, ಸ್ವಾಮಿ?”

“ತಪ್ಪು ನಂದು... ನೋಡಬಾರದ ಹಾಗೆ ನಿಮ್ಮನ್ನ ನೋಡ್ದೆ. ನಿಮ್ಮ ಯಜಮಾನರು ಪರ ಊರಿಂದ ಬಂದಾಗ, ಹಂಜೂರೊ ಕ್ಷಮೆ ಕೇಳ್ದ ಅಂತ ಹೇಳಿ.”

ಹೊರಟೇಬಿಟ್ಟ.

ಯಜಮಾನರಾ?! ಓಟಾಕಿ ತಬ್ಬಿಬ್ಬಾದಳು. ಆಗಲೇ ಹೊಳೆದದ್ದು... ತನ್ನ ಹಲ್ಲು! ಆ ನಾಡಿನ ಮದುವೆಯಾದ ಹೆಂಗಸರ ರೂಢಿಯಂತೆ ಕಪ್ಪು ಬಳಿದ ಹಲ್ಲು! ಅಪ್ಪ ಸತ್ತ ಮೇಲೆ, ಒಂಟಿ ಹೆಣ್ಣೆಂದು ಕಂಡವರೆಲ್ಲ ಸಲಿಗೆ ತೋರದಿರಲಿ ಎಂದು ಹಚ್ಚಿಕೊಂಡದ್ದು. ಹಚ್ಚಿ ಹಚ್ಚಿ, ಅದು ಸುಳ್ಳೆಂಬುದೇ ಅವಳಿಗೆ ಮರೆತುಹೋಗಿತ್ತು.

ಬರಿಗಾಲಲ್ಲೇ ಓಡಿದಳು. ಸೇತುವೆಯ ಮೇಲೆ ಅವನ ತೋಳು ಹಿಡಿದಳು.

“ನಂಗೆ ಗಂಡನೇ ಇಲ್ಲ! ಈ ಹಲ್ಲು... ಪುಂಡರು ದೂರ ಇರ್ಲಿ ಅಂತ ಬಳ್ಕೊಂಡಿದ್ದು!”

ಹಂಜೂರೊ ಬೆಪ್ಪಾಗಿ ನಿಂತ. “ಹಾಗಾದ್ರೆ... ಚಳಿಗಾಲ ಪೂರ್ತಿ ನಾನು ಕೊಟ್ಟಿಗೇಲಿ ನಡುಗಿದ್ದು?”

“ಸುಮ್‌ಸುಮ್ನೆ!” ಅಳುತ್ತಲೇ ನಕ್ಕಳು. “ಹೋಗ್ಬೇಡಿ... ನೀವಂದ್ರೆ ನಂಗೆ ಪ್ರಾಣ.”

ಅವನ ಕಣ್ಣು ಅವಳ ಪಾದಗಳ ಮೇಲೆ ಬಿತ್ತು. ಚಳಿಗೆ ಕೆಂಪೇರಿದ್ದವು. ಸಮುರಾಯ್ ನಡುದಾರಿಯಲ್ಲೇ ಮೊಣಕಾಲೂರಿದ. ತನ್ನ ಚಪ್ಪಲಿ ಬಿಚ್ಚಿ ಅವಳ ಕಾಲಿಗೆ ಕಟ್ಟಿದ.

“ಮತ್ತೆ ಉತ್ತರಕ್ಕೆ ಹೋಗೋದು?”

“ಅಲ್ಲಿ ನಂಗೆ ಯಾರಿದ್ದಾರೆ?”

ಓಟಾಕಿ ಕಣ್ಣೊರೆಸಿಕೊಂಡಳು. “ಇವತ್ತೇ ಈ ಕಪ್ಪನ್ನ ಉಜ್ಜಿ ಉಜ್ಜಿ ತೆಗೀತೀನಿ!”

“ಬೇಡ,” ಎಂದ ಹಂಜೂರೊ ಮೆಲ್ಲಗೆ. “ಮದ್ವೆ ಆದ್ಮೇಲೆ ಮತ್ತೆ ಹಚ್ಕೋಬೇಕು ತಾನೇ?”